ವಾಲ್‌ಹಲ್ಲ ಮತ್ತು ಮಾಯ: ಮರಣೋತ್ತರ ವಿಶ್ವಾಸದ ಎರಡು ರೂಪಗಳು

ಸ್ಕ್ಯಾಂಡಿನೇವಿಯದ ಪ್ರಾಚೀನ ಪುರಾಣಗಳಂತೆ ರಣದಲ್ಲಿ ಮಡಿದ ವೀರರಲ್ಲಿ ಅರ್ಧದಷ್ಟು ಮಂದಿ ಓಡಿನ್ ದೇವನ ವಾಲ್‌ಹಲ್ಲವೆಂಬ ಸಭಾಭವನವನ್ನು ಸೇರುವರು. ಉಳಿದರ್ಧವು ಫ್ರೇಯಾ ದೇವಿಯ ಪಾಲು. ರೋಗದಿಂದಲೋ ಮುಪ್ಪಿನಿಂದಲೋ ಸತ್ತವರಿಗೆ ಹೆಲ್ ಎಂಬವಳ ಅಧೋಲೋಕವೇ ಗತಿಯೆಂದು ಐಸ್‌ಲೆಂಡಿನ ಸ್ನೋರಿ ಸ್ಟುರ್ಲುಸನ್ 13ನೆಯ ಶತಮಾನದಲ್ಲಿ ಬರೆದಿದ್ದಾನೆ. ವಾಲ್‌ಹಲ್ಲದ ವೀರರು ಕಾದಿರುವುದು ರಾಗ್ನರಾಕ್ ಎಂಬ ದೇವತೆಗಳ ಅಂತಿಮ ಯುದ್ಧಕ್ಕಾಗಿ. ತಾವು ಬಿಟ್ಟುಬಂದ ಊರಿನ ವ್ಯಾಜ್ಯಗಳಿಗಾಗಿ ಅಲ್ಲ.

ತುಳುನಾಡಿನ ಕಲ್ಪನೆಯು ಇದಕ್ಕಿಂತ ಭಿನ್ನವಾದುದು. ಇಲ್ಲಿ ಮೃತನು 'ಕಾಯ'ವನ್ನು ಬಿಟ್ಟು 'ಮಾಯ'ವನ್ನು ಸೇರಿ, ದೈವವಾಗಿ ಊರಿಗೇ ಮರಳುವನು. ಕಲ್ಕುಡನ ಪಾಡ್ದನವು ಇದಕ್ಕೆ ಉತ್ತಮ ನಿದರ್ಶನ. ಕಾರ್ಕಳದ ಗೊಮ್ಮಟನನ್ನು ಕಡೆದ ಈ ಶಿಲ್ಪಿಯು ಅಂತಹುದನ್ನು ಮತ್ತೆಲ್ಲಿಯೂ ಕಡೆಯದಿರಲೆಂದು ಅರಸನು ಅವನ ಒಂದು ಕೈಯನ್ನೂ ಒಂದು ಕಾಲನ್ನೂ ಕಡಿಸಿದನು. ಕಲ್ಕುಡನಾದರೋ ಉಳಿದ ಕೈಯಿಂದಲೇ ವೇಣೂರಿನ ಗೊಮ್ಮಟನನ್ನು ರಚಿಸಿ, ಸೋದರಿ ಕಲ್ಲುರ್ಟಿಯೊಡನೆ ಮಾಯವಾಗಿ, ಅರಸನನ್ನು ಕಾಡಿದನು. ಕಾರ್ಕಳದ ಮೂರ್ತಿಯು 1432ರಲ್ಲಿಯೂ ವೇಣೂರಿನದು 1604ರಲ್ಲಿಯೂ ಸ್ಥಾಪಿತವಾದುದರಿಂದ ಒಬ್ಬನೇ ಶಿಲ್ಪಿ ಎರಡನ್ನೂ ಕಡೆದಿರಲಾರನು. ಆದರೆ ಪಾಡ್ದನಕ್ಕೆ ಮುಖ್ಯವಾದುದು ಕಾಲಗಣನೆಯಲ್ಲ, ಅನ್ಯಾಯದ ಲೆಕ್ಕ. ಬದುಕಿದ್ದಾಗ ಅರಸನೆದುರು ಬಾಯಿಲ್ಲದಿದ್ದ ಕುಶಲಕರ್ಮಿಗೆ ಸತ್ತ ಮೇಲೆ ನುಡಿಯು ದೊರೆಯಿತು. ಆ ನುಡಿಯನ್ನು ಕೋಲದ ಅಂಗಳದಲ್ಲಿ ಊರಿನ ಗುತ್ತು-ಬೀಡುಗಳ ಯಜಮಾನರು ಇಂದಿಗೂ ಕೈಮುಗಿದು ಕೇಳುತ್ತಾರೆ.