ಗಾಳಿಪಟದಿಂದ ವಿಮಾನದವರೆಗೆ: ಸಾಹಸಿ ಕೋಡಿಯ ಕಥೆ

ಆಷಾಢದ ಗಾಳಿಯಲ್ಲಿ ಗಾಳಿಪಟ ಹಾರಿಸಿ ಬೆಳೆದ ನಮಗೆ ಅದು ಆಟದ ವಸ್ತು. ಅದೇ ಗಾಳಿಪಟಕ್ಕೆ ಮನುಷ್ಯನನ್ನೇ ತೂಗುಹಾಕಿ ಮುಗಿಲಿಗೆ ಕಳುಹಿಸಬಹುದೆಂದು ನಂಬಿ, ಹಾಗೆ ಮಾಡಿ ತೋರಿಸಿದವನು ಸ್ಯಾಮ್ಯುವೆಲ್ ಫ್ರಾಂಕ್ಲಿನ್ ಕೋಡಿ. ಬ್ರಿಟನ್ನಿನ ನೆಲದಿಂದ ಎಂಜಿನ್ ಚಾಲಿತ ವಿಮಾನವನ್ನು ಮೊದಲು ಹಾರಿಸಿದವನೆಂಬ ಮನ್ನಣೆಯೂ ಈತನಿಗೇ ಸಂದಿದೆ. ಆದರೆ ಈತ ಎಂಜಿನಿಯರನಲ್ಲ. ರಂಗದ ಮೇಲೆ ಬಂದೂಕಿನ ಗುರಿ, ಕುದುರೆಯ ಓಟಗಳನ್ನು ಪ್ರದರ್ಶಿಸಿ ಜೀವನ ಸಾಗಿಸುತ್ತಿದ್ದ ಕೌಬಾಯ್.

1867ರಲ್ಲಿ ಅಮೆರಿಕದ ಅಯೋವಾ ರಾಜ್ಯದಲ್ಲಿ ಹುಟ್ಟಿದಾಗ ಆತನ ಮನೆತನದ ಹೆಸರು ಕೌಡರಿ. ಪ್ರಸಿದ್ಧ ಪ್ರದರ್ಶಕ ಬಫೆಲೋ ಬಿಲ್ ಕೋಡಿಯ ಹೆಸರನ್ನು ತನಗೆ ಅಂಟಿಸಿಕೊಂಡು, ತಾನು ಟೆಕ್ಸಾಸಿನವನೆಂದು ಹೇಳಿಕೊಂಡ. ಉದ್ದನೆಯ ಕೂದಲು, ಚೂಪು ಮೀಸೆ, ಅಗಲ ಅಂಚಿನ ಟೋಪಿ; ಕೊನೆಯವರೆಗೂ ಈ ವೇಷವನ್ನು ಬಿಡಲಿಲ್ಲ. 1890ರಲ್ಲಿ ಇಂಗ್ಲೆಂಡಿಗೆ ಬಂದವನು, ಯುರೋಪಿನ ಊರುಗಳಲ್ಲಿ ಸೈಕಲ್ ಸವಾರರ ಎದುರು ಕುದುರೆ ಓಡಿಸಿ ಪಂದ್ಯ ಕಟ್ಟಿದ. 1898ರಲ್ಲಿ ಆಡಿದ ‘ಕ್ಲಾಂಡೈಕ್ ನಗೆಟ್’ ನಾಟಕ ಕೈತುಂಬ ಹಣ ತಂದಿತು. ಆ ಹಣ ಗಾಳಿಪಟಗಳಿಗೆ ಹೋಯಿತು.

1901ರಲ್ಲಿ ಪೇಟೆಂಟ್ ಪಡೆದ ಆತನ ವಿಧಾನ ಬಹು ಸ್ವಾರಸ್ಯಕರವಾದುದು. ಮೊದಲು ಒಂದು ಚಿಕ್ಕ ಗಾಳಿಪಟ ಮೇಲೇರಿ ಗಾಳಿಯಲ್ಲಿ ನೆಲೆಗೊಳ್ಳುತ್ತಿತ್ತು. ಅದರ ಹಿಂದೆ ರೆಕ್ಕೆಗಳುಳ್ಳ ದೊಡ್ಡ ಪೆಟ್ಟಿಗೆಯಾಕಾರದ ಗಾಳಿಪಟಗಳು ಒಂದೊಂದಾಗಿ ಏರಿ ಉಕ್ಕಿನ ತಂತಿಯನ್ನು ಬಿಗಿಯಾಗಿ ಎಳೆದು ನಿಲ್ಲಿಸುತ್ತಿದ್ದವು. ಕೊನೆಯದಾಗಿ, ಮನುಷ್ಯ ಕುಳಿತ ಬುಟ್ಟಿಯನ್ನು ಹೊತ್ತ ಗಾಳಿಪಟ ಆ ತಂತಿಯ ಗುಂಟ ಮೇಲಕ್ಕೆ ಸರಿಯುತ್ತಿತ್ತು. ಶತ್ರುಸೈನ್ಯವನ್ನು ಎತ್ತರದಿಂದ ನೋಡುವುದಕ್ಕೆ ಅಂದು ಬಲೂನುಗಳಿದ್ದವು. ಬಿರುಗಾಳಿ ಬೀಸಿದರೆ ಅವು ನಿರುಪಯೋಗಿ. ಗಾಳಿಪಟಕ್ಕಾದರೋ ಗಾಳಿಯೇ ಬಲ. ಸೈನ್ಯಾಧಿಕಾರಿಗಳ ಕುತೂಹಲಕ್ಕೆ ಕಾರಣ ಇದೇ.

ಆದರೂ ಅವರನ್ನು ಒಪ್ಪಿಸಲು ಆತ ಪ್ರದರ್ಶನದ ಹಾದಿಯನ್ನೇ ಹಿಡಿದ. 1903ರ ನವೆಂಬರಿನಲ್ಲಿ ಪುಟ್ಟ ದೋಣಿಯೊಂದನ್ನು ಗಾಳಿಪಟಕ್ಕೆ ಕಟ್ಟಿ, ಒಬ್ಬನೇ ಫ್ರಾನ್ಸಿನ ಕ್ಯಾಲೆಯಿಂದ ಡೋವರಿಗೆ ಇಂಗ್ಲಿಷ್ ಕಾಲುವೆಯನ್ನು ದಾಟಿದ. 1906ರಲ್ಲಿ ಸೈನ್ಯ ಆತನನ್ನು ಗಾಳಿಪಟದ ಶಿಕ್ಷಕನನ್ನಾಗಿ ನೇಮಿಸಿತು. ಮುಂದೆ 1908ರ ಅಕ್ಟೋಬರ್ 16ರಂದು ಫಾರ್ನ್‌ಬರೋದಲ್ಲಿ, ಸೈನ್ಯದ ವಾಯುನೌಕೆಯಿಂದ ಕಳಚಿ ತಂದ ಎಂಜಿನನ್ನು ಜೋಡಿಸಿದ್ದ ತನ್ನ ವಿಮಾನವನ್ನು 1,390 ಅಡಿ ದೂರ ಹಾರಿಸಿದ. ಇಪ್ಪತ್ತೇಳು ಸೆಕೆಂಡುಗಳ ಹಾರಾಟ. ಕೊನೆಗೆ ವಿಮಾನ ನೆಲಕ್ಕಪ್ಪಳಿಸಿತು, ಕೋಡಿ ಉಳಿದ. ಮರುವರ್ಷವೇ ಸರ್ಕಾರ ವಿಮಾನದ ಪ್ರಯೋಗಗಳನ್ನು ಕೈಬಿಟ್ಟು, ಯಂತ್ರವನ್ನು ಅವನಿಗೇ ಬಿಟ್ಟುಕೊಟ್ಟಿತು. ವಿಮಾನಯುಗದ ಬಾಗಿಲಲ್ಲಿ ನಿಂತು ತೆಗೆದುಕೊಂಡ ಈ ನಿರ್ಧಾರ ಇಂದು ನಮಗೆ ನಗೆ ತರಿಸುತ್ತದೆ.

ಅದೇ 1909ರಲ್ಲಿ ಡಾನ್‌ಕಾಸ್ಟರಿನ ವಿಮಾನ ಮೇಳದಲ್ಲಿ, ಜನಸ್ತೋಮದ ಎದುರೇ ಕಾಗದಪತ್ರಗಳಿಗೆ ಸಹಿ ಹಾಕಿ ಆತ ಬ್ರಿಟಿಷ್ ಪ್ರಜೆಯಾದ. ಪೌರತ್ವವನ್ನೂ ಪ್ರದರ್ಶನವಾಗಿಸಿಕೊಂಡವನು! ಆದರೆ ಬರಿಯ ವೇಷಧಾರಿ ಎಂದು ತಳ್ಳಿಹಾಕುವಂತಿರಲಿಲ್ಲ. 1912ರ ಸೈನಿಕ ವಿಮಾನಗಳ ಸ್ಪರ್ಧೆಗೆ ಕೆಲವೇ ವಾರಗಳಿರುವಾಗ, ಆತನ ಒಂದು ವಿಮಾನ ಇಳಿಯುವಾಗ ಹಸುವಿಗೆ ಬಡಿದು ಮುರಿಯಿತು. ಮುರಿದ ಯಂತ್ರಗಳ ಬಿಡಿಭಾಗಗಳನ್ನೇ ಕೂಡಿಸಿ ಹೊಸದೊಂದನ್ನು ಕಟ್ಟಿ, ಹೆಸರಾಂತ ಕಂಪನಿಗಳನ್ನು ಹಿಂದಿಕ್ಕಿ 5,000 ಪೌಂಡು ಬಹುಮಾನ ಗೆದ್ದ.

ಈ ಗೆಲುವಿನಲ್ಲೇ ಆತನ ಮಿತಿಯೂ ಇತ್ತೆಂದು ನಮ್ಮ ಅಭಿಪ್ರಾಯ. ಸರ್ಕಾರಿ ಕಾರ್ಖಾನೆಯ ಬಿ.ಇ.2 ವಿಮಾನ ಸ್ಪರ್ಧೆಯ ಹೊರಗೇ ಉಳಿಯಬೇಕಾಗಿತ್ತು. ಮುಂದೆ ಸೈನ್ಯಕ್ಕೆ ಒದಗಿದ್ದು ಅದೇ. ಕೋಡಿಯದು ಕಟ್ಟಿ, ಹಾರಿಸಿ, ಬಿದ್ದು, ತಿದ್ದಿಕೊಳ್ಳುವ ವಿದ್ಯೆ. ಅದು ಬೀಳುವವನು ಪ್ರತಿ ಸಲವೂ ಬದುಕಿ ಉಳಿದರೆ ಮಾತ್ರ ನಡೆಯುವಂಥದು.

1913ರ ಆಗಸ್ಟ್ 7ರಂದು, ಬ್ರಿಟನ್ ಸುತ್ತುವ ಸ್ಪರ್ಧೆಗೆಂದು ಕಟ್ಟಿದ್ದ ಜಲವಿಮಾನದ ಪರೀಕ್ಷಾರ್ಥ ಹಾರಾಟದಲ್ಲಿ ಯಂತ್ರ ಆಕಾಶದಲ್ಲೇ ಮುರಿಯಿತು. ಜೊತೆಗಿದ್ದವರು ಕ್ರಿಕೆಟ್ ಆಟಗಾರ ಡಬ್ಲ್ಯೂ.ಎಚ್.ಬಿ. ಇವಾನ್ಸ್. ಇಬ್ಬರೂ ಸೊಂಟಕ್ಕೆ ಪಟ್ಟಿ ಕಟ್ಟಿಕೊಂಡಿರಲಿಲ್ಲ. ಇಬ್ಬರೂ ಹೊರಗೆಸೆಯಲ್ಪಟ್ಟು ಮಡಿದರು. ಆಲ್ಡರ್‌ಷಾಟಿನ ಸೈನಿಕ ಸ್ಮಶಾನದಲ್ಲಿ ಸೈನಿಕನಲ್ಲದ ಕೋಡಿಗೆ ಜಾಗ ದೊರೆಯಿತು. ಶವಯಾತ್ರೆಗೆ ಸುಮಾರು ಒಂದು ಲಕ್ಷ ಜನ ಸೇರಿದ್ದರೆಂದು ಅಂದಾಜು.

ಹಸುವಿನ ಪ್ರಕರಣದ ಬಳಿಕ ಕಟ್ಟಿದ ಮಾದರಿಯ ವಿಮಾನವೊಂದು ಲಂಡನ್ನಿನ ಸೈನ್ಸ್ ಮ್ಯೂಸಿಯಮ್ಮಿನ ಸಂಗ್ರಹದಲ್ಲಿದೆ. ಮಕ್ಕಳ ಮನೆಗೆಂದು ಆ ಊರಿಗೆ ಹೋಗುವ ನಮ್ಮ ಓದುಗರು ಬಿಡುವು ಮಾಡಿಕೊಂಡು ಅತ್ತ ಹೋಗಿಬರಬಹುದು.