ಜೇಕು: ಒಂದು ಜವುಗುಸಸ್ಯದ ನಿಸರ್ಗಚರಿತ್ರೆ ಮತ್ತು ಜನಪದ ತಿಳಿವಳಿಕೆ

ಬೀದರ ಜಿಲ್ಲೆಯ ಹುಮನಾಬಾದ ತಾಲ್ಲೂಕಿನ ಹಳ್ಳಿಖೇಡ (ಬಿ) ಎಂಬ ಊರಿನ ಹೆಸರೇ ಗಡಿನಾಡಿನ ಭಾಷಾ ಸಹಬಾಳ್ವೆಗೆ ನಿದರ್ಶನವಾಗಿದೆ. ಕನ್ನಡದ ‘ಹಳ್ಳಿ’ ಮತ್ತು ಮರಾಠಿಯ ‘ಖೇಡ’ ಎರಡೂ ಗ್ರಾಮವಾಚಿಗಳು. ಆವರಣದೊಳಗಿನ ‘ಬಿ’ ಅಕ್ಷರವು ‘ಹಿರಿದು’ ಎಂಬ ಅರ್ಥದ ಪಾರಸಿ ‘ಬುಜುರ್ಗ್’ ಶಬ್ದದ ಸಂಕ್ಷೇಪ. ಊರಿನ ಹೆಸರಿನಲ್ಲಿ ಕಾಣುವ ಈ ಬೆರಕೆ ಇಲ್ಲಿನ ಹೊಲ, ಹಳ್ಳದ ದಂಡೆಗಳ ಗಿಡಗಂಟಿಗಳ ಹೆಸರುಗಳಲ್ಲಿಯೂ ಇದೆ. ಅಂಥ ಗಿಡಗಳಲ್ಲಿ ಜೇಕು ಒಂದು. ಕೃಷಿಕನಿಗೆ ಇದು ಹಗೆ, ವೈದ್ಯನಿಗೆ ಮದ್ದು. ಒಂದೇ ಗಿಡದ ಈ ಎರಡು ಮುಖಗಳ ಮೂಲವು ಅದರ ನೆಲದೊಳಗಿನ ಬದುಕಿನಲ್ಲಿದೆ ಎಂಬುದನ್ನೂ, ಜನಪದರ ಬೇಸಾಯ ಕ್ರಮಗಳು ಆ ಬದುಕನ್ನು ಅರಿತೇ ರೂಪುಗೊಂಡಿವೆ ಎಂಬುದನ್ನೂ ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಹೆಸರುಗಳ ಹರಹು

ಉತ್ತರ ಕರ್ನಾಟಕದಲ್ಲಿ ಜೇಕು ಎನಿಸಿಕೊಳ್ಳುವ ಈ ಸಸ್ಯವು ದಕ್ಷಿಣದ ಜಿಲ್ಲೆಗಳಲ್ಲಿ ಕೊನ್ನಾರಿ, ತುಂಗೆ ಎಂದೂ, ಗ್ರಂಥಸ್ಥ ವೈದ್ಯದಲ್ಲಿ ಭದ್ರಮುಷ್ಟಿ ಎಂದೂ ಪರಿಚಿತವಾಗಿದೆ. ತೆಲುಗಿನಲ್ಲಿ ತುಂಗ, ಮರಾಠಿಯಲ್ಲಿ ಲವ್ಹಾಳಾ, ಹಿಂದಿ–ಉರ್ದುಗಳಲ್ಲಿ ಮೋಥಾ, ಯುನಾನಿ ವೈದ್ಯದಲ್ಲಿ ಸಾದ್ ಕೂಫಿ ಎಂಬ ಹೆಸರುಗಳಿವೆ. ಸಂಸ್ಕೃತದ ‘ಮುಸ್ತಾ’ಕ್ಕೆ ಅಬ್ದ, ಅಂಬುದ, ವಾರಿದ, ಘನ ಮೊದಲಾದ ಪರ್ಯಾಯಗಳುಂಟು, ಇವೆಲ್ಲ ಮೋಡದ ಹೆಸರುಗಳೇ ಆಗಿರುವುದು ಗಮನಾರ್ಹ. ಈ ಸಸ್ಯಕ್ಕೂ ನೀರಿಗೂ ಇರುವ ನಂಟನ್ನು ಹಳಬರು ಗುರುತಿಸಿದ್ದರೆಂಬುದಕ್ಕೆ ಈ ಪದಗಳೇ ಸಾಕ್ಷಿ. ಮರಾಠಿಯ ಸಂತ ಪರಂಪರೆಯಲ್ಲಿ ಲವ್ಹಾಳಾ ವಿನಯದ ಸಂಕೇತವೆನಿಸಿದೆ. ಮಹಾಪೂರಕ್ಕೆ ಮರ ಉರುಳಿದರೂ ಈ ಹುಲ್ಲು ಉಳಿಯುತ್ತದೆಂಬ ಗ್ರಹಿಕೆ ತುಕಾರಾಮರ ಅಭಂಗದಿಂದ ಜನಜನಿತವಾಯಿತು. ಈ ಗ್ರಹಿಕೆಗೆ ಪ್ರತ್ಯಕ್ಷ ಆಧಾರವಿದೆ: ಕಾಂಡ ಬಾಗುತ್ತದೆ, ಗಡ್ಡೆ ನೆಲದಲ್ಲಿ ಉಳಿಯುತ್ತದೆ.

ಗುರುತು ಮತ್ತು ನೆಲೆ

ಸಸ್ಯಶಾಸ್ತ್ರದಲ್ಲಿ ಇದು ಸೈಪರಸ್ ರೊಟಂಡಸ್. 1753ರಲ್ಲಿ ಲಿನೇಯಸ್ ಈ ಹೆಸರನ್ನಿತ್ತನು. ಇದು ಸೇರಿರುವ ಸೈಪರೇಸಿ ಕುಟುಂಬದಲ್ಲಿ ಸುಮಾರು 5,500 ಪ್ರಭೇದಗಳಿದ್ದು, ಅವುಗಳಲ್ಲಿ ಬಹುಪಾಲು ತೇವದ ನೆಲವನ್ನು ಆಶ್ರಯಿಸಿದವು. ನೋಟಕ್ಕೆ ಹುಲ್ಲಿನಂತಿದ್ದರೂ ಜೇಕು ಹುಲ್ಲಲ್ಲ. ಹುಲ್ಲಿನ ದಂಟು ದುಂಡಗಿದ್ದು ಗಿಣ್ಣುಗಳಿಂದ ಕೂಡಿರುತ್ತದೆ. ಜೇಕಿನ ದಂಟಿಗೆ ಗಿಣ್ಣಿಲ್ಲ, ಮೂರು ಅಂಚುಗಳಿವೆ. ದಂಟನ್ನು ಎರಡು ಬೆರಳುಗಳ ನಡುವೆ ಹೊರಳಿಸಿದರೆ ಈ ಭೇದ ಕಣ್ಣಿನ ನೆರವಿಲ್ಲದೆಯೇ ತಿಳಿಯುತ್ತದೆ. ಎಲೆಗಳು ಮೂರು ಸಾಲಿನಲ್ಲಿ ಹೊರಡುತ್ತವೆ. ತುದಿಯ ಹೂಗೊಂಚಲು ಕೆಂಪು ಬೆರೆತ ಕಂದು ಬಣ್ಣದ್ದು.

ಜೇಕು ಎಂಬ ಹೆಸರು ಒಂದೇ ಸಸ್ಯಕ್ಕೆ ಸೀಮಿತವಾಗಿಲ್ಲ. ಭತ್ತದ ಗದ್ದೆ, ಕೆರೆಯಂಚುಗಳಲ್ಲಿ ಕಾಣುವ ಸೈಪರಸ್ ಇರಿಯಾ, ಸೈಪರಸ್ ಡಿಫಾರ್ಮಿಸ್ ಮುಂತಾದವುಗಳನ್ನೂ ಜನ ಜೇಕಿನ ಜಾತಿ ಎಂದೇ ಕರೆಯುತ್ತಾರೆ. ಇವು ಸಾಮಾನ್ಯವಾಗಿ ಒಂದು ಹಂಗಾಮಿನಲ್ಲಿ ಹುಟ್ಟಿ, ಬೀಜ ಉದುರಿಸಿ ಸಾಯುತ್ತವೆ. ಗಡ್ಡೆಯ ಜೇಕು ಇದಕ್ಕೆ ವಿರುದ್ಧ. ಅದರ ಬೀಜ ಮೊಳೆಯುವುದು ವಿರಳ. ಅದರ ವಂಶ ಬೆಳೆಯುವುದು ಗಡ್ಡೆಯಿಂದ. ಕುಲ ಒಂದಾದರೂ ಬಾಳುವೆ ಬೇರೆಯಾದುದರಿಂದ ಇವುಗಳನ್ನು ನಿಭಾಯಿಸುವ ಕ್ರಮವೂ ಬೇರೆಯಾಗಬೇಕಾಗುತ್ತದೆ. ಮೊದಲನೆಯದನ್ನು ಬೀಜ ಕಟ್ಟುವ ಮುನ್ನ ಕಿತ್ತರೆ ಸಾಕು. ಎರಡನೆಯದನ್ನು ಕಿತ್ತಷ್ಟೂ ಹೆಚ್ಚುತ್ತದೆ.

ನೆಲದೊಳಗಿನ ಬದುಕು

ಕಿತ್ತಷ್ಟೂ ಹೆಚ್ಚುವುದೇಕೆ? ಮೊಳೆತ ಗಡ್ಡೆಯಿಂದ ಬಿಳಿಯ ಎಳೆಬೇರಿನಂಥ ಕಾಂಡಗಳು ನೆಲದೊಳಗೆ ಅಡ್ಡಲಾಗಿ ಹರಿದು, ಕೆಲವೇ ವಾರಗಳಲ್ಲಿ ಅಲ್ಲಲ್ಲಿ ಹೊಸ ಗಡ್ಡೆ ಕಟ್ಟುತ್ತವೆ. ಹೀಗೆ ಗಡ್ಡೆಗಳು ಸರದಂತೆ ಪೋಣಿಸಿಕೊಳ್ಳುತ್ತವೆ. ಸರ ಅಖಂಡವಾಗಿರುವವರೆಗೆ ತುದಿಯ ಗಡ್ಡೆಯ ಮೊಳಕೆಯು ಉಳಿದವುಗಳ ಮೊಳಕೆಯನ್ನು ತಡೆದಿರುತ್ತದೆ. ಕುರ್ಪಿ, ಕುಂಟೆಗಳ ಏಟಿಗೆ ಸರ ತುಂಡಾದೊಡನೆ ಆ ತಡೆ ಕಳಚಿ, ಬಿಡಿಬಿಡಿಯಾದ ಗಡ್ಡೆಗಳು ಮೊಳೆಯತೊಡಗುತ್ತವೆ. ಒಂದು ಗಿಡವಿದ್ದೆಡೆ ಹಲವು ಗಿಡಗಳೇಳುವುದು ಈ ಕಾರಣದಿಂದ. ಹೋಮ್ ಮತ್ತು ಸಂಗಡಿಗರು 1977ರಲ್ಲಿ ಪ್ರಕಟಿಸಿದ ಜಗತ್ತಿನ ಕಳೆಗಳ ಕುರಿತ ಗ್ರಂಥದಲ್ಲಿ ಇದಕ್ಕೆ ಮೊದಲ ಸ್ಥಾನ ದೊರೆತಿದೆ. 90ಕ್ಕೂ ಹೆಚ್ಚು ದೇಶಗಳಲ್ಲಿ, 52 ಬೆಳೆಗಳಲ್ಲಿ ಇದರ ಹಾವಳಿ ಇದೆಯೆಂದು ಅಲ್ಲಿ ದಾಖಲಾಗಿದೆ.

ಇಷ್ಟು ಬಲಿಷ್ಠವಾದ ಸಸ್ಯಕ್ಕೂ ಎರಡು ದೌರ್ಬಲ್ಯಗಳಿವೆ. ಒಂದು, ಗಡ್ಡೆ ಒಣಗನ್ನು ತಾಳದು. ಇನ್ನೊಂದು, ಗಿಡ ನೆರಳನ್ನು ಸಹಿಸದು. ಗಡ್ಡೆಗಳಲ್ಲಿ ಹೆಚ್ಚಿನವು ಮೇಲ್ಮಣ್ಣಿನ ಸುಮಾರು 15 ಸೆಂಟಿಮೀಟರ್ ಆಳದೊಳಗೇ ಇರುತ್ತವೆ. ಸುಗ್ಗಿಯ ನಂತರ ನೆಲವನ್ನು ಆಳವಾಗಿ ಉತ್ತು ಹೆಂಟೆಗಳನ್ನು ಬೇಸಿಗೆಯ ಬಿಸಿಲಿಗೆ ಒಡ್ಡುವ ಮಾಗಿ ಉಳುಮೆಯ ಪದ್ಧತಿಯು ಮೊದಲ ದೌರ್ಬಲ್ಯವನ್ನು ನೇರವಾಗಿ ಬಳಸಿಕೊಳ್ಳುತ್ತದೆ. ಮೇಲೆ ಬಂದ ಗಡ್ಡೆಗಳನ್ನು ಆಯ್ದು ಹೊಲದಾಚೆ ಹಾಕುವುದು ಇದರ ಪೂರಕ ಕ್ರಮ. ಬೇಗನೆ ನೆಲ ಮುಚ್ಚುವ ಬೆಳೆಯನ್ನು ಒತ್ತಾಗಿ ಬಿತ್ತುವುದು ಎರಡನೆಯ ದೌರ್ಬಲ್ಯಕ್ಕೆ ಸಂಬಂಧಿಸಿದ್ದು. ಮಳೆಗಾಲದ ಹಸಿಯಲ್ಲಿ ಗಡ್ಡೆ ತುಂಡರಿಸಿದರೆ ಹಾನಿ, ಬೇಸಿಗೆಯ ಒಣಗಿನಲ್ಲಿ ತುಂಡರಿಸಿದರೆ ಲಾಭ ಎಂಬ ಕಾಲವಿವೇಕವೇ ಇಲ್ಲಿನ ಸಾರ.

ನೀರಾವರಿ ಈ ಲೆಕ್ಕವನ್ನು ಬದಲಿಸಿದೆ. ಮಾಂಜ್ರಾ ನದಿಗೆ ಸೇರುವ ಕಾರಂಜಾದ ಆಸುಪಾಸಿನ ಈ ಸೀಮೆ ತೊಗರಿ, ಜೋಳ, ಉದ್ದು, ಹೆಸರುಗಳ ಮಳೆಯಾಶ್ರಿತ ಬೇಸಾಯದ ನಾಡು. ಬೀದರ ಸಹಕಾರ ಸಕ್ಕರೆ ಕಾರ್ಖಾನೆ ಹಳ್ಳಿಖೇಡ (ಬಿ)ಯಲ್ಲಿ ನೆಲೆಗೊಂಡಿತೆಂಬುದೇ ಇಲ್ಲಿ ಕಬ್ಬಿಗೆ ದೊರೆತ ಮಹತ್ವವನ್ನು ತಿಳಿಸುತ್ತದೆ. ಕಬ್ಬು ವರ್ಷಪೂರ್ತಿ ನೀರು ಬೇಡುವ ಬೆಳೆ. ಕೂಳೆ ಬಿಟ್ಟ ಹೊಲಕ್ಕೆ ಬೇಸಿಗೆಯ ಉಳುಮೆಯೂ ಇಲ್ಲ, ಒಣಗೂ ಇಲ್ಲ. ಸಾಲುಗಳ ನಡುವೆ ನೆರಳು ಕವಿಯುವವರೆಗಿನ ಮೊದಲ ತಿಂಗಳುಗಳು ಜೇಕಿಗೆ ಅನುಕೂಲದ ಕಾಲ. ಹೀಗೆ ಜವುಗಿನ ಅಂಚಿನ ಸಸ್ಯಕ್ಕೆ ಹೊಲದ ನಡುವೆಯೇ ಜವುಗು ದೊರೆತಂತಾಗಿದೆ. ಹಾಲೋಸಲ್ಫ್ಯೂರಾನ್ ಮೀಥೈಲ್‌ನಂಥ ಕಳೆನಾಶಕಗಳು ಕಬ್ಬಿನ ಹೊಲವನ್ನು ಪ್ರವೇಶಿಸಿದ್ದು ಈ ಹಿನ್ನೆಲೆಯಲ್ಲಿ.

ಮದ್ದಾಗಿ ಜೇಕು

ಗಡ್ಡೆಯಲ್ಲಿರುವ ಸತ್ವವೇ ಮನುಷ್ಯನಿಗೆ ಮದ್ದಾಗಿದೆ. ಕಪ್ಪುಗಂದು ಸಿಪ್ಪೆಯ ಗಡ್ಡೆಯನ್ನು ಜಜ್ಜಿದರೆ ಹೊಮ್ಮುವ ಪರಿಮಳಕ್ಕೆ ಸೈಪರೀನ್, ಸೈಪರೊಟಂಡೋನ್ ಮೊದಲಾದ ತೈಲಾಂಶಗಳು ಕಾರಣ. ಚರಕಸಂಹಿತೆಯು ಮಲವನ್ನು ಬಿಗಿಗೊಳಿಸುವ, ಹಸಿವನ್ನು ಹೆಚ್ಚಿಸುವ, ಪಚನಕ್ಕೆ ನೆರವಾಗುವ ದ್ರವ್ಯಗಳಲ್ಲಿ ಮುಸ್ತೆಗೆ ಅಗ್ರಸ್ಥಾನ ನೀಡಿದೆ. ಜ್ವರದಲ್ಲಿ ಕೊಡುವ ಷಡಂಗಪಾನೀಯದ ಆರು ದ್ರವ್ಯಗಳಲ್ಲಿ ಇದೂ ಒಂದು. ನಾಗರಮುಸ್ತೆ ಎಂಬ ಹೆಸರಿನಲ್ಲಿ ಸೈಪರಸ್ ಸ್ಕೇರಿಯೋಸಸ್ ಎಂಬ ಬೇರೊಂದು ಜವುಗುಸಸ್ಯದ ಗಡ್ಡೆಯೂ ಬಳಕೆಯಲ್ಲಿರುವುದರಿಂದ ಮೂಲಿಕೆಯ ವ್ಯವಹಾರದಲ್ಲಿ ಹೆಸರಿನ ನಿಖರತೆ ಅಗತ್ಯವಾಗುತ್ತದೆ.

ಉಪಸಂಹಾರ

ಜನಪದ ಸಸ್ಯಜ್ಞಾನವು ಹೆಸರು, ಗುರುತು, ಋತು ಮತ್ತು ಕೆಲಸ ಎಂಬ ನಾಲ್ಕು ಅಂಗಗಳಿಂದ ಕೂಡಿದ್ದು. ಎಲ್ಲವೂ ‘ಕಳೆ’ ಎಂಬ ಒಂದೇ ಪದದಡಿ ಸೇರಿಹೋದಾಗ ಬೀಜದ ಜೇಕು ಯಾವುದು, ಗಡ್ಡೆಯ ಜೇಕು ಯಾವುದು, ಯಾವುದನ್ನು ಎಂದು ಕೀಳಬೇಕು, ಯಾವುದನ್ನು ಒಣಗಿಸಿ ಕಾಪಿಡಬೇಕು ಎಂಬ ವಿವೇಕವೂ ಮಸುಕಾಗುತ್ತದೆ. ನಾಲ್ಕು ಭಾಷೆಗಳು ಕೂಡುವ ಬೀದರ ಸೀಮೆಯಲ್ಲಿ ಈ ಹೆಸರುಗಳನ್ನು ಆಯಾ ಸಸ್ಯದ ಮಾದರಿಯೊಡನೆ, ಅದು ಬೆಳೆಯುವ ನೆಲ ಮತ್ತು ಬಳಕೆಯ ವಿವರದೊಡನೆ ಸಂಗ್ರಹಿಸುವ ಕೆಲಸ ಆಗಬೇಕಾಗಿದೆ. ಬರಿಯ ಪದಪಟ್ಟಿಯಿಂದ ಇದು ಸಾಧ್ಯವಿಲ್ಲ. ಜಾನಪದ ತಜ್ಞ, ಸಸ್ಯವಿಜ್ಞಾನಿ ಮತ್ತು ಕೃಷಿಕ ಒಂದೇ ಹೊಲದ ಬದುವಿನಲ್ಲಿ ನಿಂತು ಮಾಡಬೇಕಾದ ಕೆಲಸವಿದು.