0 ಮತ್ತು 1ರಲ್ಲಿ ಒಂದು ಸಿನಿಮಾ

ಡಿಜಿಟಲ್ ಎಲೆಕ್ಟ್ರಾನಿಕ್ಸ್ ಲ್ಯಾಬಿನಲ್ಲಿ 0, 1 ಅಂತ ನಾವು ತಲೆ ಕೆಡಿಸಿಕೊಳ್ತೀವಲ್ಲ, ಹೆಚ್ಚುಕಮ್ಮಿ ಅಷ್ಟರಲ್ಲೇ ಒಬ್ಬರು ಸಿನಿಮಾ ಮಾಡಿದ್ದಾರೆ!

ಅವರು ವಿಯೆನ್ನಾದ ಪೀಟರ್ ಕುಬೆಲ್ಕಾ. ಅವರ ಎಲ್ಲ ಸಿನಿಮಾ ಸಾಲಾಗಿ ಹಾಕಿದರೂ ಒಂದು ಗಂಟೆ ಚಿಲ್ಲರೆಗೆ ಮುಗಿಯುತ್ತೆ. 1960ರ 'ಆರ್ನುಲ್ಫ್ ರೈನರ್'ನಲ್ಲಿ (ಇದು ಅವರ ಚಿತ್ರಕಲಾವಿದ ಗೆಳೆಯನ ಹೆಸರು) ಕಥೆ ಇಲ್ಲ, ಹೀರೋ ಇಲ್ಲ, ಕ್ಯಾಮೆರಾನೂ ಬಳಸಿಲ್ಲ. ಒಂದೊಂದು ಫ್ರೇಮ್ ಪೂರ್ತಿ ಬಿಳಿ, ಇಲ್ಲಾಂದ್ರೆ ಪೂರ್ತಿ ಕಪ್ಪು. ಜೊತೆಗೆ ವೈಟ್ ನಾಯ್ಸ್, ಇಲ್ಲಾಂದ್ರೆ ಮೌನ. ಒಟ್ಟು 9216 ಫ್ರೇಮ್. ಸೆಕೆಂಡಿಗೆ 24ರಂತೆ 6 ನಿಮಿಷ 24 ಸೆಕೆಂಡ್.

ಇದು ಹೇಗೆ ಸಿನಿಮಾ? ಫಿಲ್ಮ್ ರೀಲಿನಲ್ಲಿ ಇರೋದೆಲ್ಲ ನಿಂತ ಚಿತ್ರಗಳೇ. ಒಂದು ಫ್ರೇಮಿಗೂ ಮುಂದಿನದಕ್ಕೂ ನಡುವೆ ಸಿನಿಮಾ ಹುಟ್ಟುತ್ತೆ ಅನ್ನೋದು ಕುಬೆಲ್ಕಾ ವಾದ.

ಹಾಗಾದ್ರೆ ಮೊಬೈಲಲ್ಲಿ ನೋಡಿದ್ರಾಯ್ತು ಅಂತೀರಾ? 60 ಹರ್ಟ್ಜ್ ಪರದೆಗೆ 24 ಫ್ರೇಮ್ ಸಮವಾಗಿ ಹಂಚೋಕೆ ಬರಲ್ಲ. ಒಂದು ಫ್ರೇಮ್ ಎರಡು ಸಲ, ಮುಂದಿನದು ಮೂರು ಸಲ ಬರುತ್ತೆ. ಮಾಮೂಲಿ ಸಿನಿಮಾದಲ್ಲಿ ಅದು ನಮಗೆ ಅಷ್ಟಾಗಿ ಗೊತ್ತಾಗಲ್ಲ. ಇಲ್ಲಿ ಲಯವೇ ಸಿನಿಮಾ, ಅದೇ ಕೆಡುತ್ತೆ. ರೀಲೇ ಬೇಕು ಅಂತ ಕುಬೆಲ್ಕಾ ಪಟ್ಟು ಹಿಡಿದದ್ದು ಸುಮ್ಮನೆ ಅಲ್ಲ.

ಚಿತ್ರಮಂದಿರಗಳು ಡಿಜಿಟಲ್ ಆಗ್ತಿದ್ದ 2012ರಲ್ಲಿ ಅವರು 'ಆಂಟಿಫೋನ್' ತಂದರು. ಹಳೇ ಸಿನಿಮಾಕ್ಕೆ ನಾಟ್ ಗೇಟ್ ಹಾಕಿದ ಹಾಗೆ: ಕಪ್ಪಿದ್ದಲ್ಲಿ ಬಿಳಿ, ಮೌನವಿದ್ದಲ್ಲಿ ಸದ್ದು. ಎರಡನ್ನೂ ಒಂದೇ ಪರದೆ ಮೇಲೆ ಒಟ್ಟಿಗೆ ಬಿಟ್ಟರೆ ಲೆಕ್ಕದ ಪ್ರಕಾರ ಬರೀ ಬೆಳಕೇ ಬರಬೇಕು. ಆದ್ರೆ ಎರಡು ಪ್ರೊಜೆಕ್ಟರ್ ಅಷ್ಟು ಕರಾರುವಾಕ್ಕಾಗಿ ಓಡಲ್ಲ, ಪರದೆ ಮಿಣುಕುತ್ತೆ. ಆ ಯಂತ್ರಗಳನ್ನ ನಾವು ಗುಜರಿಗೆ ಹಾಕಿದ್ರೆ ಈ ಸಿನಿಮಾನೂ ಅಲ್ಲಿಗೆ ಮುಗೀತು.